ನಾನು ಗೀಟು ಹೊಡೆದ ಕುಂಟುಗಿಡ

ಕುಂಟುಗಿಡ ಮೊಣಕಾಲೆತ್ತರ ಬೆಳೆಯುತ್ತದೆ. ಒಂದೇ ಕಾಂಡ, ಮೂರೇ ಎಲೆ. ಕಾಲು ನೋಯುವ ಕುರಿ ಬಂದು ಅದರ ಮುಂದೆ ನಿಂತರೆ ಗಿಡ ಆ ನೋವನ್ನು ತಾನು ಎಳೆದುಕೊಳ್ಳುತ್ತದೆ. ಕುರಿ ನೆಟ್ಟಗೆ ನಡೆದುಹೋಗುತ್ತದೆ, ಗಿಡ ಅದರ ಹಿಂದೆ ಕುಂಟುತ್ತ ಹೋಗುತ್ತದೆ. ಹಾಗಾಗಿ ನಿನ್ನೆ ಕಂಡ ಜಾಗದಲ್ಲಿ ಅದು ಇವತ್ತು ಇರುವುದಿಲ್ಲ. ಮಳೆ ಬಿದ್ದಾಗ ಮಾತ್ರ ಒಂದು ಕಡೆ ಕೂತು ಬೇರು ಬಿಡುತ್ತದೆ, ಮಳೆ ನಿಂತ ಮೇಲೆ ಬೇರು ಕೊಡವಿಕೊಂಡು ಏಳುತ್ತದೆ. ಹಿಂಡಿನಲ್ಲಿ ಒಂದು ಕುರಿಗೂ ಯಾವ ನೋವೂ ಇಲ್ಲದ ದಿನ ಅದು ಹೂ ಬಿಡುತ್ತದೆ. ಅಂಥ ದಿನ ಇನ್ನೂ ಬಂದಿಲ್ಲವಾದ್ದರಿಂದ ಹೂವಿನ ಬಣ್ಣ ಯಾರಿಗೂ ಗೊತ್ತಿಲ್ಲ.

ಈ ಗಿಡ ಇರುವುದು ಹಿಂದಲ ಸೀಮೆಯಲ್ಲಿ. ಹಿಂದಲ ಸೀಮೆ ಇರುವುದು ನಮ್ಮ ಊರಿನ ಗುಡ್ಡದ ಆಚೆ ಎಂದು ನಾನೂ ನನ್ನ ಅತ್ತೆಯೂ ಗೊತ್ತು ಮಾಡಿಕೊಂಡಿದ್ದೆವು. ನಿಜದಲ್ಲಿ ಗುಡ್ಡದ ಆಚೆ ಇರುವುದು ಜೋಳದ ಹೊಲ, ಒಂದು ಗೋಕಟ್ಟೆ, ಕೂಡ್ಲಿಗಿ ಕಡೆಗೆ ಹೋಗುವ ರಸ್ತೆ. ಅದೂ ನಮ್ಮಿಬ್ಬರಿಗೆ ಗೊತ್ತಿತ್ತು.

ಅತ್ತೆ ಎಂದರೆ ನನ್ನ ತಂದೆಯ ಅಕ್ಕ. ಮದುವೆಯಾಗಿ ಹಿರೇಹಡಗಲಿಗೆ ಹೋಗಿದ್ದವಳು, ಗಂಡ ತೀರಿಕೊಂಡ ಮೇಲೆ ತವರಿಗೆ ಬಂದು ಅಲ್ಲೇ ಉಳಿದಳು. ಅಪ್ಪನಿಗೆ ಹರಪನಹಳ್ಳಿಯಲ್ಲಿ ಗುಮಾಸ್ತರ ಕೆಲಸ. ಊರಲ್ಲಿ ಕುರಿ ಸಾಕುವವರು ನಮ್ಮ ದೊಡ್ಡಪ್ಪ ಮತ್ತು ಅವರ ಮಕ್ಕಳು. ಸುಗ್ಗಿ ಮುಗಿಯುತ್ತಿದ್ದಂತೆ ಅವರು ಹಿಂಡು ಹೊಡೆದುಕೊಂಡು ತುಂಗಭದ್ರೆಯ ಕಡೆಯ ಗದ್ದೆಗಳಿಗೆ ಹೋಗುತ್ತಿದ್ದರು. ಮಳೆ ಹತ್ತಿರವಾದಾಗ ತಿರುಗಿ ಬರುತ್ತಿದ್ದರು. ದೂರ ನಡೆಯಲಾರದ ಕುರಿಗಳು ಅತ್ತೆಯ ಪಾಲಿಗೆ ಉಳಿಯುತ್ತಿದ್ದವು: ಕಾಲು ಊನವಾದವು, ಕಣ್ಣು ಮಂಜಾದವು, ಹಾಲು ಬಿಡದ ಮರಿಗಳು. ನನ್ನ ಬೇಸಿಗೆ ರಜೆಗಳೆಲ್ಲ ಆ ಹಿಂಡಿನ ಜೊತೆ ಕಳೆದವು.

ನನಗೆ ಎಂಟು ವರ್ಷವಿದ್ದಾಗ ಒಂದು ಮಧ್ಯಾಹ್ನ ಕುರಿಯೊಂದು ಗೊರಸಿನಲ್ಲಿ ಮುಳ್ಳು ಮುರಿದುಕೊಂಡು ಕುಂಟತೊಡಗಿತು. ಅತ್ತೆ ಅದನ್ನು ಕೆಡವಿ ಮುಳ್ಳು ಕಿತ್ತು ಎಕ್ಕೆಯ ಹಾಲು ಹಾಕಿದಳು. ಆದರೂ ಅದು ಕುಂಟುತ್ತಲೇ ಇತ್ತು. ನಾನು ಅಳುತ್ತಿದ್ದೆ.

"ಅದು ಅಳವಲ್ದು, ನೀ ಯಾಕ ಅಳ್ತಿ?" ಎಂದಳು ಅತ್ತೆ.

"ಅದರ ನೋವು ಯಾರರ ತಗಂಡ್ರ ಚಲೋ ಇತ್ತು."

"ತಗೊಳ್ಳೂ ಗಿಡ ಒಂದೈತಿ, ಗುಡ್ಡದ ಹಿಂದ."

"ಎಂಥ ಗಿಡ?"

"ನಂಗೇನು ಗೊತ್ತು? ನೀನ ನೋಡಿ ಬಂದು ಹೇಳು."

ನಾನು ಕೂತಲ್ಲೇ ನೋಡಿ ಬಂದು ಹೇಳಿದೆ. ನೋವು ತೆಗೆದುಕೊಂಡ ಗಿಡ ಕುಂಟಬೇಕಲ್ಲ, ಕುಂಟಬೇಕಾದರೆ ನಡೆಯಬೇಕಲ್ಲ ಎಂದು ನಡೆಸಿದೆ. ಅತ್ತೆ ಮೆಚ್ಚಲಿಲ್ಲ. "ನಡೆಯೋ ಗಿಡ ನೀರು ಹೆಂಗ ಕುಡೀತೈತಿ?" ಎಂದಳು. ಸಂಜೆಯ ತನಕ ಯೋಚಿಸಿ, ಮಳೆ ಬಂದಾಗ ಕೂರುತ್ತದೆ ಎಂದೆ. "ಹಾಂ, ಈಗ ಕೂಡ್ತು," ಎಂದಳು. ನಾವು ಕಟ್ಟಿದ್ದಾದರೂ ನೆಟ್ಟಗಿರಬೇಕು ಎಂಬುದು ಅವಳ ಹಟ. ಬರೆದ ವಾಕ್ಯವನ್ನು ಎರಡೆರಡು ಸಲ ಪರೀಕ್ಷಿಸುವ ನನ್ನ ಅಭ್ಯಾಸಕ್ಕೆ ವಿಶ್ವವಿದ್ಯಾಲಯವೇ ಕಾರಣವೆಂದು ಬಹಳ ವರ್ಷ ನಂಬಿದ್ದೆ. ಅದು ಅಲ್ಲಿಯದಲ್ಲ.

ಗಿಡದ ಸುತ್ತ ಸೀಮೆ ಬೆಳೆಯಿತು. ಅಲ್ಲಿ ವರ್ಷಕ್ಕೊಮ್ಮೆ ಕುರಿಗಳು ಮನುಷ್ಯರ ಕೂದಲು ಕತ್ತರಿಸಿ ಕಂಬಳಿ ನೇಯುತ್ತವೆ. ಕಲ್ಲುಗಳು ಚಳಿಗಾಲದಲ್ಲಿ ಮರಿ ಹಾಕುತ್ತವೆ, ಅದಕ್ಕೇ ಗುಡ್ಡದ ತುಂಬ ಸಣ್ಣ ಕಲ್ಲು. ಜಗಳವಾಡಿದ ಇಬ್ಬರನ್ನು ಕುಂಟುಗಿಡದ ಮುಂದೆ ನಿಲ್ಲಿಸುತ್ತಾರೆ. ಯಾರಿಗೆ ಹೆಚ್ಚು ನೋವಾಗಿದೆಯೋ ಗಿಡ ಅವರ ಕಡೆ ವಾಲುತ್ತದೆ, ಉಳಿದವರು ಬಾಯಿ ಮುಚ್ಚಿಕೊಂಡು ಮನೆಗೆ ಹೋಗುತ್ತಾರೆ. ಸಂಜೆ ಹಿಂಡು ಎಣಿಸುವಾಗ ಗಿಡವನ್ನೂ ಕೊನೆಯ ಕುರಿಯೆಂದು ಎಣಿಸುತ್ತಾರೆ. ಅದು ಕುಂಟಿಕೊಂಡು ಬಂದು ಸೇರುವ ತನಕ ಆ ಸೀಮೆಯಲ್ಲಿ ಯಾರೂ ಉಣ್ಣುವಂತಿಲ್ಲ. ಈ ಕೊನೆಯ ಕಟ್ಟಳೆ ಅತ್ತೆಯದು.

ನಾನು ದೊಡ್ಡವಳಾದ ಮೇಲೆ ಹಿಂದಲ ಸೀಮೆಯ ಮಾತು ಕಡಿಮೆಯಾಯಿತು, ನಿಲ್ಲಲಿಲ್ಲ. ಕಾಲೇಜಿನಿಂದ ಫೋನು ಮಾಡಿ ತಲೆನೋವು ಎಂದರೆ, "ಗಿಡ ಇಲ್ಲೇ ಅಡ್ಡಾಡಾಕ ಹತ್ತೈತಿ, ಕಳಿಸ್ಲೇನು?" ಎನ್ನುತ್ತಿದ್ದಳು. ನಾನು ನಗುತ್ತಿದ್ದೆ. ಹಾಸ್ಟೆಲಿನ ಗೆಳತಿಯರು ಯಾಕೆ ನಗುತ್ತೀ ಎಂದು ಕೇಳಿದರೆ ಹೇಳುತ್ತಿರಲಿಲ್ಲ. ನನ್ನ ಯಾವುದನ್ನೂ ಹೆಚ್ಚು ಜನರ ಮುಂದೆ ತೆರೆಯುವವಳಲ್ಲ ನಾನು, ಅದನ್ನಂತೂ ಯಾರಿಗೂ ತೋರಿಸಿರಲಿಲ್ಲ.

ಸಸ್ಯಶಾಸ್ತ್ರದ ಎಂ.ಎಸ್ಸಿ. ಕೊನೆಯ ವರ್ಷದ ಪ್ರಾಜೆಕ್ಟಿಗೆ ನಾನು ಆರಿಸಿಕೊಂಡದ್ದು ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ ಕಡೆಯ ಕುರಿಗಾರರು ಕುರಿಗಳಿಗೆ ಹಾಕುವ ಔಷಧಿ ಗಿಡಗಳನ್ನು. ಹಳ್ಳಿ ಹಳ್ಳಿ ತಿರುಗಿ ಕೇಳಿ ಬರೆದುಕೊಳ್ಳಬೇಕು. ಪ್ರತಿ ಗಿಡದ ಒಂದು ರೆಂಬೆಯನ್ನು ತಂದು ಹಳೆಯ ಪೇಪರಿನ ನಡುವೆ ಒತ್ತಿ ಒಣಗಿಸಬೇಕು. ಗಿಡ ಕೈಗೆ ಸಿಗದಿದ್ದರೆ ಹೆಸರು ಪಟ್ಟಿಗೆ ಸೇರುವುದಿಲ್ಲ. ಈ ಕೆಲಸಕ್ಕೆ ನಾನು ಮೊದಲು ಹೇಳಿದ ಹೆಸರು ಅತ್ತೆಯದೇ. ಸುತ್ತಲ ನಾಲ್ಕು ಊರಿನವರು ಮರಿಗಳನ್ನು ಹೆಗಲ ಮೇಲೆ ಹೊತ್ತು ಅವಳ ಹತ್ತಿರ ಬರುತ್ತಿದ್ದರು. ಅವಳ ಕೈಗುಣ ಚೆನ್ನಾಗಿದೆ ಎನ್ನುತ್ತಿದ್ದರು. ಅವಳು ಯಾರಿಂದಲೂ ಏನೂ ತೆಗೆದುಕೊಳ್ಳುತ್ತಿರಲಿಲ್ಲ. ಆ ಹೆಸರೊಂದೇ ಅವಳಿಗಿದ್ದದ್ದು.

ನನಗೆ ಮಾರ್ಗದರ್ಶನ ಮಾಡುತ್ತಿದ್ದ ಮೇಡಂ ಒಂದು ದಿನ ತಾವೇ ನೋಡಬೇಕೆಂದು ನನ್ನ ಜೊತೆ ಬಂದರು. ಅತ್ತೆ ಕಟ್ಟೆ ಸಾರಿಸಿ, ಪೆಟ್ಟಿಗೆಯಲ್ಲಿದ್ದ ಸೀರೆ ಉಟ್ಟು ಕಾದಿದ್ದಳು. ಪಕ್ಕದ ಮನೆಯ ಮೂವರು ಹೆಂಗಸರು ಬಂದು ಕಂಬಕ್ಕೆ ಒರಗಿ ನಿಂತರು.

"ಬರ್ರಿ ಮೇಡಮ್ಮಾರ, ಕುಂದರ್ರಿ. ನಮ್ಮ ಕೂಸು ನಿಮ್ಮ ಮಾತು ಕೇಳ್ತಾಳಿಲ್ಲ? ಇಲ್ಲಾಂದ್ರ ಹೇಳ್ರಿ, ಕುರಿ ಕಾಯಾಕ ಇಟ್ಕೋತೀನಿ."

"ಕೇಳ್ತಾಳೆ. ಮಾತಾಡೋದೇ ಕಡಿಮೆ," ಎಂದರು ಮೇಡಂ.

"ಸಣ್ಣಾಕಿದ್ದಾಗ ಎಷ್ಟು ಮಾತಾಡ್ತಿದ್ಲು ಅಂದ್ರ ಕುರಿ ಮೇಯೂದು ಬಿಟ್ಟು ಕೇಳ್ತಿದ್ವು," ಎಂದಳು ಅತ್ತೆ. ಹೆಂಗಸರು ನಕ್ಕರು.

ಮೇಡಂ ಕೇಳಿದರು, ಅತ್ತೆ ಹೇಳಿದಳು, ನಾನು ಬರೆದೆ. ಹುಳ ಬಿದ್ದ ಗಾಯಕ್ಕೆ ಸೀತಾಫಲದ ಎಲೆ ಅರೆದು ತುಂಬುವುದು. ಕೆಮ್ಮಿಗೆ ಆಡುಸೋಗೆ. ಕಾಲು ಬಾತುಕೊಂಡರೆ ಲಕ್ಕಿ ಸೊಪ್ಪು ಬಿಸಿ ಮಾಡಿ ಕಟ್ಟುವುದು. ಹೀಗೆ ಹನ್ನೊಂದು ಗಿಡ. ಯಾವ ತಿಂಗಳಲ್ಲಿ ಕೀಳಬೇಕು, ಬಿಸಿಲೇರುವ ಮೊದಲೋ ಆಮೇಲೋ, ಎಲ್ಲವನ್ನೂ ಒಂದೊಂದಾಗಿ ಹೇಳಿದಳು. ಮೇಡಂ ನನ್ನ ಕಡೆ ತಿರುಗಿ, ಇಷ್ಟು ಸ್ಪಷ್ಟವಾಗಿ ಹೇಳುವವರು ಈವರೆಗೆ ಸಿಕ್ಕಿರಲಿಲ್ಲ ಎಂದರು. ನನಗೆ ಹೆಮ್ಮೆಯಾಯಿತು.

"ಇನ್ನೂ ಇದೆಯಾ?"

"ಇನ್ನೊಂದೈತ್ರಿ. ಕುಂಟುಗಿಡ ಅಂತ."

ನನ್ನ ಪೆನ್ನು ನಿಂತಿತು. ಅತ್ತೆ ನನ್ನ ಕಡೆ ನೋಡಲಿಲ್ಲ.

"ಯಾವುದಕ್ಕೆ ಅದು?"

"ಕಾಲು ನೋವಿಗ್ರಿ. ಮೊಣಕಾಲುದ್ದ ಐತಿ, ಮೂರು ಎಲಿ. ಕುರಿನ ಅದರ ಮುಂದ ನಿಲ್ಲಿಸಿದ್ರಾತು."

"ಅರೆದು ಹಚ್ಚಬೇಕಾ?"

"ಏನೂ ಹಚ್ಚಬಾರದ್ರಿ. ಅರದೀರಿ ಮತ್ತ, ಪಾಪ."

ಮೇಡಂ ಮುಂದಕ್ಕೆ ಬಾಗಿ ಕೂತರು. ಅವರ ದನಿ ಬದಲಾಗಿತ್ತು. ಯಾರೂ ದಾಖಲಿಸದ ಗಿಡವಿರಬಹುದು ಎಂದು ಅವರಿಗೆ ಅನ್ನಿಸಿತ್ತು. "ಎಲ್ಲಿ ಸಿಗುತ್ತೆ ಅಮ್ಮ? ಈಗ ಹೋದರೆ ತೋರಿಸ್ತೀರಾ?"

ಅತ್ತೆ ಆಗ ನನ್ನನ್ನು ನೋಡಿದಳು. ಮುಖದಲ್ಲಿ ನಗುವಿರಲಿಲ್ಲ. ಕಣ್ಣಲ್ಲಿ ಸ್ವಲ್ಪ ಇತ್ತು. "ಇಕಿನ್ನ ಕೇಳ್ರಿ. ಅದಿರೋ ಜಾಗ ಇಕಿಗೇ ಚಲೋ ಗೊತ್ತು."

ಮಳೆಗಾಲದಲ್ಲಿ ಮಾತ್ರ ಸಿಗುತ್ತದೆ ಎಂದಿದ್ದರೆ ಸಾಕಿತ್ತು. ನಮ್ಮ ಸೀಮೆಯ ಕಟ್ಟಳೆಯ ಪ್ರಕಾರ ಅದು ಸುಳ್ಳೂ ಆಗುತ್ತಿರಲಿಲ್ಲ. ಮೇಡಂ ಕಾಣದ ಗಿಡವೆಂದು ಅದರ ಎದುರಿಗೆ ಒಂದು ಪ್ರಶ್ನೆ ಚಿಹ್ನೆ ಹಾಕಿಕೊಂಡು ಮುಂದೆ ಹೋಗುತ್ತಿದ್ದರು.

ನಾನು, "ಅಂಥ ಗಿಡ ಇಲ್ಲ ಮೇಡಂ. ನಾನು ಚಿಕ್ಕವಳಿದ್ದಾಗ ನಾವಿಬ್ಬರೂ ಸೇರಿ ಕಟ್ಟಿದ ಕಥೆ ಅದು," ಎಂದೆ.

ಸತ್ಯ ಹೇಳುವುದು ನನ್ನ ಕರ್ತವ್ಯವಾಗಿತ್ತು ಎಂದು ಆಮೇಲೆ ಬಹಳ ದಿನ ನನಗೆ ನಾನೇ ಹೇಳಿಕೊಂಡೆ. ಆ ಗಳಿಗೆಯಲ್ಲಿ ನನ್ನೊಳಗಿದ್ದದ್ದು ಕರ್ತವ್ಯವಲ್ಲ. ನಮ್ಮಿಬ್ಬರದನ್ನು ಅವಳು ಮೂರನೆಯವರ ಮುಂದೆ, ಅದೂ ನನ್ನ ಮೇಡಂ ಮುಂದೆ, ಹೀಗೆ ಕಟ್ಟೆಯ ಮೇಲೆ ಬಿಚ್ಚಿಟ್ಟಳಲ್ಲ ಎಂಬ ಸಿಟ್ಟು. ನಾಚಿಕೆ.

ಕಂಬಕ್ಕೆ ಒರಗಿದ್ದ ಹೆಂಗಸೊಬ್ಬಳು, "ಹಂಗಾರ ಇಷ್ಟು ದಿನ ನಮ್ಮ ಕುರಿಗೂ ಕಥಿನ ಕುಡಿಸೀಯೇನವ್ವ?" ಎಂದಳು. ಉಳಿದ ಇಬ್ಬರು ಸೆರಗು ಬಾಯಿಗೆ ಹಿಡಿದು ನಕ್ಕರು. ಅತ್ತೆಯೂ ನಕ್ಕಳು. "ಕುಡಿದು ಬದುಕ್ಯಾವಲ್ಲ," ಎಂದಳು. ಆದರೆ ಆಮೇಲೆ ಮೇಡಂ ಕೇಳಿದ ಎರಡು ಪ್ರಶ್ನೆಗಳಿಗೆ, "ಗೊತ್ತಿಲ್ರಿ," ಎಂದಳು. ಚಹಾ ಕುಡಿಯದೆ ಹೋಗಬಾರದೆಂದು ಒಳಗೆ ಹೋಗಿ ಚಹಾ ತಂದಳು.

ಕಾರಿನಲ್ಲಿ ಮೇಡಂ ಕೆಟ್ಟದಾಗಿ ಏನೂ ಅನ್ನಲಿಲ್ಲ. "ವಯಸ್ಸಾದವರು, ಪ್ರೀತಿಗೆ ಹೇಳಿರ್ತಾರೆ. ಆದರೆ ಒಂದು ಕಟ್ಟುಕಥೆ ಅಂತ ಗೊತ್ತಾದ ಮೇಲೆ ಉಳಿದದ್ದನ್ನು ಹೇಗೆ ನಂಬೋದು? ಈ ಹಾಳೆ ಬಿಟ್ಟುಬಿಡು," ಎಂದರು. ಆ ಹನ್ನೊಂದು ಗಿಡಗಳನ್ನು ನಾನು ಚಿಕ್ಕಂದಿನಿಂದ ನೋಡಿದ್ದೆ, ಅವು ಕೆಲಸ ಮಾಡುವುದನ್ನೂ ನೋಡಿದ್ದೆ. ಹಾಗೆಂದು ಹೇಳಲಿಲ್ಲ. ಸ್ಕೇಲು ಇಟ್ಟು ಹಾಳೆಯ ಮೇಲಿನ ಮೂಲೆಯಿಂದ ಕೆಳಗಿನ ಮೂಲೆಗೆ ಒಂದು ಗೀಟು ಹೊಡೆದೆ. ಕಾರು ಕುಲುಕುತ್ತಿತ್ತು, ಗೀಟು ಮಾತ್ರ ನೇರವಾಗಿ ಬಂತು.

ಆ ವಾರದ ಕೊನೆಗೆ ಹರಪನಹಳ್ಳಿಗೆ ಹೋದಾಗ ಅಪ್ಪ ಊಟಕ್ಕೆ ಕೂತು ವಿಚಾರಿಸಿದರು.

"ಅಕ್ಕ ಎಷ್ಟು ಹೇಳಿದ್ಲು?"

"ಹನ್ನೊಂದು."

"ಮತ್ತೊಂದು ಸುಳ್ಳು ಸೇರಿಸಿರಬೇಕಲ್ಲ, ಯಾವುದು ಸೇರಿಸಿದ್ಲು?"

ನಾನು ತಲೆಯೆತ್ತಿದೆ. ಅಪ್ಪ ರೊಟ್ಟಿ ಮುರಿಯುತ್ತ ಮಾತಾಡುತ್ತಿದ್ದರು. ಔಷಧಿಯನ್ನು ಹೊರಗಿನವರಿಗೆ ಹೇಳುವಾಗ ಒಂದು ಸುಳ್ಳು ಗಿಡ ಸೇರಿಸಿ ಹೇಳಬೇಕು. ಅದು ನಮ್ಮ ಮನೆಯ ನಡಾವಳಿ. ಪೂರ್ತಿ ನಿಜ ಹೇಳಿಬಿಟ್ಟರೆ ಹೇಳಿದವರ ಕೈಗುಣ ಹೊರಟುಹೋಗುತ್ತದೆ. ಅಜ್ಜನೂ ಹಾಗೆಯೇ ಹೇಳುತ್ತಿದ್ದ. ಇದು ನಿನಗೆ ಗೊತ್ತಿರಲಿಲ್ಲವೇ ಎಂದು ಅಪ್ಪ ಕೇಳಿದರು. ನನಗೆ ಗೊತ್ತಿರಲಿಲ್ಲ. ನಾನು ಮನೆಯವಳು, ನನಗೆ ಹೇಳುವಾಗ ಅತ್ತೆಗೆ ಯಾವತ್ತೂ ಸುಳ್ಳು ಸೇರಿಸಬೇಕಾಗಿ ಬಂದಿರಲಿಲ್ಲ.

"ನಮ್ಮಪ್ಪ ಒಂದ್ಸಲ ಹೊಳಲು ಕಡೆಯೋರಿಗೆ ಹಂಗ ಯಾವುದೋ ಗಿಡದ ಹೆಸರು ಹೇಳಿದ್ದ. ಅವರು ನಿಜ ಅಂತ ಅರೆದು ಕುಡಿಸಿ ಎರಡು ಮರಿ ಸತ್ವು. ಅಕ್ಕ ಆಗ ಸಣ್ಣಾಕಿ, ಮೂರು ದಿನ ಉಣ್ಲಿಲ್ಲ. ನಾ ಹೇಳೋ ಸುಳ್ಳು ಯಾರ ಕುರಿನೂ ಕೊಲ್ಲಬಾರದು ಅಂತಿದ್ಲು. ಅದಕ್ಕ ಕೇಳಿದೆ, ಏನು ಸೇರಿಸಿದ್ಲು ಅಂತ."

"ಗೊತ್ತಿಲ್ಲ ಅಪ್ಪ," ಎಂದೆ.

ಯಾರೂ ಹುಡುಕಿ ತರಲಾರದ, ಅರೆಯಲಾರದ, ಯಾವ ಮರಿಗೂ ಕುಡಿಸಲಾರದ ಒಂದೇ ಒಂದು ಗಿಡ ಅವಳಿಗೆ ಗೊತ್ತಿತ್ತು. ಅದನ್ನು ಕಾಯುವುದನ್ನು ನನಗೆ ಬಿಟ್ಟಿದ್ದಳು.

ಮಾರನೆಯ ದಿನವೇ ಊರಿಗೆ ಹೋಗಬೇಕಿತ್ತು. ಪರೀಕ್ಷೆ ಇತ್ತು, ವರದಿ ಸಲ್ಲಿಸುವುದಿತ್ತು. ಅವೆಲ್ಲ ಮುಗಿದ ಮೇಲೂ ಹೋಗಲಿಲ್ಲ. ಫೋನಿನಲ್ಲಿ ಊಟ, ಮಳೆ, ಕುರಿ ಇಷ್ಟೇ ಮಾತು. ಒಮ್ಮೆ ಜ್ವರ ಬಂದಿದೆ ಎಂದೆ. "ಗುಳಿಗಿ ತಗೋ," ಎಂದಳು. ಅತ್ತೆಯ ಪುಟವಿಲ್ಲದ ವರದಿಗೆ ಒಳ್ಳೆಯ ಅಂಕ ಬಂತು.

ಎಂಟು ತಿಂಗಳ ಮೇಲೆ ಹೊಸ ನೋಟ್‌ಬುಕ್ಕು ಹಿಡಿದು ಹೋದೆ. ತಪ್ಪಾಯಿತು ಎಂದು ಹೇಳಲೆಂದೇ ಹೋದದ್ದು. ಅತ್ತೆ ಕಟ್ಟೆಯ ಮೇಲೆ ಕುರಿಯನ್ನು ಮಲಗಿಸಿಕೊಂಡು ಉಣ್ಣೆಗೆ ಅಂಟಿದ ಮುಳ್ಳು ಬಿಡಿಸುತ್ತಿದ್ದಳು. "ಬಾ," ಎಂದಳು. ನಾನು ಪಕ್ಕದಲ್ಲಿ ಕೂತು ಮುಳ್ಳು ಬಿಡಿಸತೊಡಗಿದೆ. ಆಡಬೇಕಾದ ಮಾತು ಬಾಯಿಗೆ ಬರಲಿಲ್ಲ. ಬಂದದ್ದು ಬೇರೆ.

"ಅತ್ತಿ, ಇನ್ನೊಂದ್ಸಲ ಎಲ್ಲಾ ಹೇಳು. ಬರಕೊಂತೀನಿ. ಈ ಸಲ ಯಾರಿಗೂ ತೋರ್ಸಲ್ಲ."

ಅವಳು ಕೈಯಲ್ಲಿದ್ದ ಮುಳ್ಳನ್ನು ಬಿಡಿಸಿ ಪಕ್ಕಕ್ಕಿಟ್ಟಳು. "ಬರ್ಕೋ," ಎಂದಳು.

ಹೇಳುವುದಷ್ಟೇ ಅಲ್ಲ, ನನ್ನನ್ನು ಗುಡ್ಡಕ್ಕೆ ಕರೆದುಕೊಂಡು ಹೋಗಿ ಒಂದೊಂದು ಗಿಡದ ಮುಂದೆ ನಿಂತು ತೋರಿಸಿದಳು. ಹನ್ನೊಂದರ ಮೇಲೆ ಇನ್ನೂ ಮೂರು ಇದ್ದವು, ಅವನ್ನು ಮೇಡಂಗೆ ಹೇಳಿರಲಿಲ್ಲ. ಒಂದರ ಬೇರಿಗೆ ಇನ್ನೊಂದರ ತೊಗಟೆ ಯಾವಾಗ ಸೇರಿಸಬೇಕು, ಯಾವಾಗ ಸೇರಿಸಬಾರದು ಎಂದಳು. ನಾನು ಬರೆಯುತ್ತ ಹೋದೆ, ರೆಂಬೆ ಕಿತ್ತು ಪೇಪರಿನಲ್ಲಿ ಇಡುತ್ತ ಹೋದೆ. ಒಳಗೊಳಗೆ ಕಾಯುತ್ತಿದ್ದೆ. ಗುಡ್ಡ ಇಳಿಯುವಾಗ ಕೇಳಿಯೇಬಿಟ್ಟೆ.

"ಒಂದು ಬಿಟ್ಟಿ ಅತ್ತಿ."

"ಯಾವ್ದು?"

"ಸೇರಿಸೋದು. ಸುಳ್ಳು."

ಅವಳು ನಿಲ್ಲಲಿಲ್ಲ. ಮುಂದೆ ನಡೆಯುತ್ತಲೇ, "ನಿಮ್ಮಪ್ಪ ಹೇಳಿದ್ನ?" ಎಂದಳು.

"ಹೂಂ. ನಾನು ಮನೀಯಾಕಿ ಅಂತ ಸೇರಿಸಲಿಲ್ಲೇನು?"

"ನೀ ಬರಕೊಂಡಿ. ಬರದದ್ದು ಎಲ್ಲೆಲ್ಲಿ ಹೋಗ್ತೈತೋ ನಿನಗೂ ತಿಳಿಯಂಗಿಲ್ಲ, ನನಗೂ ತಿಳಿಯಂಗಿಲ್ಲ. ಸೇರಿಸಬೇಕಿತ್ತು. ಏನಂತ ಸೇರಿಸ್ಲಿ? ಇದ್ದದ್ದೊಂದ ಇತ್ತು, ಅದು ಇಲ್ಲ ಅಂತ ನೀನ ಹೇಳಿದಿ. ನಾಲ್ಕು ಮಂದಿ ಮುಂದ."

ಬೈಯುವ ದನಿಯಲ್ಲಿ ಹೇಳಲಿಲ್ಲ. ಇಳಿಜಾರಿನಲ್ಲಿ ಜಾರುವ ಕಲ್ಲಿದೆ, ನೋಡಿ ಕಾಲಿಡು ಎಂದು ಅದೇ ದನಿಯಲ್ಲಿ ಮುಂದಿನ ಮಾತು ಹೇಳಿದಳು.

ಮಾರನೆಯ ಬೆಳಿಗ್ಗೆ ನಾನು ಹೊರಡುವ ಹೊತ್ತಿಗೆ ಪಕ್ಕದ ಊರಿನ ಹೆಂಗಸೊಬ್ಬಳು ಮರಿಯೊಂದನ್ನು ಸೆರಗಿನಲ್ಲಿ ಸುತ್ತಿಕೊಂಡು ಬಂದಳು. ಮರಿಯ ಹೊಟ್ಟೆ ಉಬ್ಬಿತ್ತು. ಅತ್ತೆ ಬಗ್ಗಿ ನೋಡಿದಳು, ಮುಟ್ಟಲಿಲ್ಲ.

"ಕೊಟ್ಟೂರಿಗೆ ಒಯ್ಯಿ ಯವ್ವಾ, ದನದ ದವಾಖಾನಿಗೆ."

"ಅಲ್ಲೀತನಕ ಇದು ಇರ್ತದೇನಬೇ? ಯಾವತ್ತೂ ನೀನ ಹಾಕಿದಾಕಿ."

"ಈಗ ನನ್ನ ಕೈಯಾಗ ಆ ಗುಣ ಇಲ್ಲ. ಎಲ್ಲಾ ಹೇಳಿ ಮುಗಿಸೀನಿ."

ಹೆಂಗಸಿಗೆ ಅರ್ಥವಾಯಿತು. ಅವಳು ಯಾಕೆ, ಯಾರಿಗೆ ಎಂದು ಕೇಳಲಿಲ್ಲ. ನನ್ನನ್ನೂ ನನ್ನ ಕೈಯಲ್ಲಿದ್ದ ನೋಟ್‌ಬುಕ್ಕನ್ನೂ ನೋಡಿದಳು.

"ನಿನಗ ಗೊತ್ತೈತೇನವ್ವ?"

ಇದೆಲ್ಲ ಬರೀ ನಂಬಿಕೆ, ಗಿಡದ ಗುಣ ಹೇಳಿದರೆ ಹೋಗುವುದಿಲ್ಲ ಎಂದು ನಾನು ಅತ್ತೆಗೆ ಹೇಳಬಹುದಿತ್ತು. ಎಲ್ಲರ ಎದುರಿಗೆ ಅವಳದೊಂದನ್ನು ಸುಳ್ಳು ಎಂದು ಒಮ್ಮೆ ಹೇಳಿದ್ದೆ. ಎರಡನೆಯ ಸಲ ಹೇಳಲು ಬಾಯಿ ಬರಲಿಲ್ಲ. ನೋಟ್‌ಬುಕ್ಕು ತೆರೆದೆ. ಹೊಟ್ಟೆಯುಬ್ಬರಕ್ಕೆ ಐದನೆಯ ಗಿಡ ಎಂದು ದುಂಡಗೆ ಬರೆದಿತ್ತು. ಎಲೆ ಒಂದು ಹಿಡಿ, ಅರೆದು, ಬಟ್ಟೆಯಲ್ಲಿ ಹಿಂಡಿ. ಒಂದು ಹಿಡಿ ಎಂದರೆ ಯಾರ ಹಿಡಿ ಎಂದು ಬರೆದಿರಲಿಲ್ಲ. ಇಷ್ಟು ಸಣ್ಣ ಮರಿಗೆ ಎಷ್ಟು ಎಂದೂ ಬರೆದಿರಲಿಲ್ಲ, ಕೇಳಿರಲಿಲ್ಲ. ಅತ್ತೆ ಮರಿಯನ್ನು ತೊಡೆಯ ಮೇಲಿಟ್ಟು ತೂಕ ನೋಡಿ ಎಲೆ ತೆಗೆದುಕೊಳ್ಳುತ್ತಿದ್ದಳು ಎಂಬುದು ಆಗ ನೆನಪಾಯಿತು. ಅತ್ತೆಯ ಕಡೆ ನೋಡಿದೆ. ಅವಳು ಮರಿಯನ್ನೇ ನೋಡುತ್ತಿದ್ದಳು. ಎರಡೂ ಕೈಗಳನ್ನು ಸೆರಗಿನೊಳಗೆ ಇಟ್ಟುಕೊಂಡಿದ್ದಳು.

"ದವಾಖಾನಿಗೇ ಒಯ್ರಿ," ಎಂದೆ.

ಹೆಂಗಸು ಮರಿಯನ್ನು ಎದೆಗೆ ಒತ್ತಿಕೊಂಡು ರಸ್ತೆಯ ಕಡೆಗೆ ಬೇಗ ಬೇಗ ನಡೆದಳು. ಅವಳು ತಿರುವು ದಾಟುವ ತನಕ ಅತ್ತೆ ಅಂಗಳದಲ್ಲಿ ನಿಂತಿದ್ದಳು. ಆಮೇಲೆ ನನ್ನ ಕಡೆ ತಿರುಗಿ, ಬಸ್ಸಿನ ಹೊತ್ತಾಯಿತು, ಹೊರಡು ಎಂದಳು.